ತಾತನ ಬೆನ್ನ ಹಿಂದಿನ ಪೀಠ

ನಮ್ಮ ಸಂಗೀತ ಪ್ರಪಂಚದಲ್ಲಿ ಮನೆತನದ ವಿದ್ಯೆ ಎಂಬ ಮಾತಿಗೆ ವಿಶೇಷವಾದ ಗೌರವವುಂಟು. ತಂದೆ ಮಗನನ್ನು ಎದುರಿಗೆ ಕುಳ್ಳಿರಿಸಿಕೊಂಡು, ತಂಬೂರಿ ಮಿಡಿದು, ಸ್ವರ ಹೇಳಿಕೊಡುತ್ತಾನೆ. ಮಗ ಗುರುವಿನ ಮುಖ ನೋಡುತ್ತ, ಅವನ ಬಾಯಿಂದ ಬಂದದ್ದನ್ನು ಹಿಂತಿರುಗಿಸಿ ಒಪ್ಪಿಸುತ್ತಾನೆ. ಪಾಠವೆಂದರೆ ಹೀಗೆ ಎಂದೇ ನಾವು ತಿಳಿದಿದ್ದೇವೆ. ಈ ಹೊತ್ತು ನಾನು ಹೇಳಹೊರಟಿರುವುದು ಗುರುವಿನ ಮುಖವನ್ನಲ್ಲ, ಬೆನ್ನನ್ನು ನೋಡಿ ಕಲಿತವನೊಬ್ಬನ ಸಂಗತಿ. ಅವನ ಹೆಸರು ಸೆಡ್ರಿಕ್ ಬರ್ನ್‌ಸೈಡ್. ಅಮೆರಿಕದ ಮಿಸಿಸಿಪಿ ಸಂಸ್ಥಾನದ ಉತ್ತರ ಭಾಗದ ಗುಡ್ಡಗಾಡಿನವನು. ಆ ಗುಡ್ಡಗಾಡಿನಲ್ಲಿ ಬ್ಲೂಸ್ ಎಂಬ ಹಾಡುಗಾರಿಕೆಯ ಒಂದು ವಿಶಿಷ್ಟ ಶೈಲಿ ಬೆಳೆದುಬಂದಿದೆ. ಸೆಡ್ರಿಕ್‌ನ ತಾತ ಆರ್. ಎಲ್. ಬರ್ನ್‌ಸೈಡ್ ಆ ಶೈಲಿಯ ಬಹು ದೊಡ್ಡ ಹಾಡುಗಾರ. ಮೊಮ್ಮಗ ತನ್ನ ಹುಡುಗತನದಿಂದಲೇ ಆ ತಾತನ ಹಿಂದೆ ಡ್ರಮ್ ಬಾರಿಸುತ್ತ ಕುಳಿತವನು.

ನಾನು ಮಿಸಿಸಿಪಿಯನ್ನು ಕಂಡವನಲ್ಲ. ಧ್ವನಿಮುದ್ರಿಕೆಗಳಲ್ಲಿ, ಚಲನಚಿತ್ರದ ತುಣುಕುಗಳಲ್ಲಿ ಕೇಳಿ ಕಂಡದ್ದಷ್ಟೇ ನನ್ನ ಬಂಡವಾಳ. ಆದರೆ ಹಳೆಗನ್ನಡವನ್ನು ಮೂರು ದಶಕ ಪಾಠ ಹೇಳಿದವನಿಗೆ, ಕಣ್ಣಾರೆ ಕಾಣದ ಊರನ್ನು ಅದರ ಮಾತಿನ ಲಯದಿಂದಲೇ ಊಹಿಸಿಕೊಳ್ಳುವ ಅಭ್ಯಾಸ ಒಂದಿಷ್ಟು ಇರುತ್ತದೆ.

ಬ್ಲೂಸ್ ಎಂದೊಡನೆ ಬಲ್ಲವರ ನೆನಪಿಗೆ ಬರುವುದು ಮಿಸಿಸಿಪಿ ಡೆಲ್ಟಾ. ನದಿಯ ಮೆಕ್ಕಲುಮಣ್ಣಿನ ಸಪಾಟು ಬಯಲು, ಕಣ್ಣು ಹಾಯುವವರೆಗೆ ಹತ್ತಿಯ ತೋಟಗಳು, ಆ ತೋಟಗಳಲ್ಲಿ ದುಡಿದ ಕಪ್ಪು ಜನರ ಹಾಡು. ಆ ಬಯಲು ಮುಗಿದು ಪೂರ್ವಕ್ಕೆ ನೆಲ ಏರತೊಡಗಿದೊಡನೆ ಮಾರ್ಷಲ್, ಪನೋಲ, ಟೇಟ್, ಬೆಂಟನ್ ಮೊದಲಾದ ಕೌಂಟಿಗಳು ಬರುತ್ತವೆ. ಇಲ್ಲಿನ ಹೊಲಗಳು ಚಿಕ್ಕವು, ಮನೆಗಳು ಒಂದರಿಂದೊಂದು ದೂರ. ಡೆಲ್ಟಾದ ಹಾಡುಗಾರರು ರೈಲು ಹತ್ತಿ ಷಿಕಾಗೋ ಸೇರಿದರು. ಅಲ್ಲಿ ವಿದ್ಯುತ್ ಗಿಟಾರು ಹಿಡಿದರು, ಧ್ವನಿಮುದ್ರಣ ಕಂಪೆನಿಗಳ ಕಣ್ಣಿಗೆ ಬಿದ್ದರು, ಜಗತ್ಪ್ರಸಿದ್ಧರಾದರು. ಗುಡ್ಡದ ಹಾಡುಗಾರರಲ್ಲಿ ಹೆಚ್ಚಿನವರು ಮನೆಯಂಗಳದಲ್ಲಿ, ನೆರೆಹೊರೆಯವರು ಕಲೆತ ಕೂಟಗಳಲ್ಲಿ ಹಾಡಿಕೊಂಡು ಉಳಿದರು. ಹೀಗಾಗಿ ಇಲ್ಲಿಯ ಸಂಗೀತಕ್ಕೆ ಪ್ರತ್ಯೇಕವಾದ ಹೆಸರು ದೊರೆತದ್ದೂ ತಡವಾಗಿ. 1967ರಲ್ಲಿ ಜಾರ್ಜ್ ಮಿಚೆಲ್ ಎಂಬ ಸಂಗ್ರಾಹಕ ಆರ್. ಎಲ್. ಬರ್ನ್‌ಸೈಡನ ಹಾಡುಗಳನ್ನು ಮೊದಲು ಮುದ್ರಿಸಿಕೊಂಡ. ಅವು ಬೆಳಕು ಕಂಡ ತಟ್ಟೆಯ ಮುಖಪುಟದ ಮೇಲಿದ್ದ ಹೆಸರು ಡೆಲ್ಟಾ ಬ್ಲೂಸ್ ಎಂದೇ! ಮಲೆನಾಡಿನವನನ್ನು ಕರಾವಳಿಯವನೆಂದು ಪರಿಚಯಿಸಿದಂತಾಯಿತು.

ಈ ಎರಡು ಶೈಲಿಗಳ ನಡುವಣ ವ್ಯತ್ಯಾಸವನ್ನು ಸ್ವಲ್ಪ ವಿವರಿಸಬೇಕು. ಸಾಮಾನ್ಯವಾಗಿ ಬ್ಲೂಸ್ ಹಾಡಿಗೆ ಒಂದು ಚೌಕಟ್ಟುಂಟು. ನಾಲ್ಕು ನಾಲ್ಕು ಎಣಿಕೆಯ 12 ಘಟ್ಟಗಳು. ಅವುಗಳಲ್ಲಿ ಗಿಟಾರಿನ ಸ್ವರಮೇಳ ಮೂರು ನೆಲೆಗಳನ್ನು ಮುಟ್ಟಿ ಮತ್ತೆ ಮನೆಗೆ ಮರಳುತ್ತದೆ. ಒಂದು ಸಾಲನ್ನು ಎರಡು ಸಲ ಹಾಡಿ, ಮೂರನೆಯ ಸಾಲಿನಲ್ಲಿ ಅದಕ್ಕೆ ಉತ್ತರ ಹೇಳುವುದು ರೂಢಿ. ಗುಡ್ಡದ ಬ್ಲೂಸ್ ಈ ಚೌಕಟ್ಟನ್ನು ಅಷ್ಟಾಗಿ ಲೆಕ್ಕಿಸುವುದಿಲ್ಲ. ಹಲವು ಹಾಡುಗಳು ಒಂದೇ ಸ್ವರಮೇಳದ ಮೇಲೆ ನಿಂತುಬಿಡುತ್ತವೆ. ಶ್ರುತಿಯನ್ನು ಹಿಡಿದು ಅದರ ಮೇಲೆಯೇ ರಾಗವನ್ನು ಕಟ್ಟುವ ನಮ್ಮ ಕಿವಿಗೆ ಇದು ಅಪರಿಚಿತವೆನಿಸಲಾರದು. ಗಿಟಾರಿನ ಮಂದ್ರ ತಂತಿ ಒಂದೇ ಸಮನೆ ಮೊರೆಯುತ್ತಿರುತ್ತದೆ. ಮೇಲಿನ ತಂತಿಗಳಲ್ಲಿ ಚಿಕ್ಕದೊಂದು ಪದಗುಚ್ಛ ಸುತ್ತಿ ಸುತ್ತಿ ಬರುತ್ತದೆ. ಘಟ್ಟಗಳ ಎಣಿಕೆಯೂ ನಿಗದಿಯಾಗಿಲ್ಲ. ಹಾಡುಗಾರನಿಗೆ ಸಾಲನ್ನು ಇನ್ನಷ್ಟು ಎಳೆಯಬೇಕೆನಿಸಿದರೆ ಎಳೆಯುತ್ತಾನೆ, ಮೊಟಕುಗೊಳಿಸಬೇಕೆನಿಸಿದರೆ ಮೊಟಕುಗೊಳಿಸುತ್ತಾನೆ. ಹಿಂದೆ ತಾಳ ಹಾಕುವವನ ಪಾಡನ್ನು ಊಹಿಸಿ! ಅವನು ಎಣಿಸಿಕೊಂಡು ಕುಳಿತರೆ ಕೆಟ್ಟ. ಹಾಡುಗಾರನ ಉಸಿರನ್ನೂ ಭುಜದ ಅಲುಗಾಟವನ್ನೂ ಗಮನಿಸುತ್ತ, ಅವನು ತಿರುಗುವ ಕಡೆ ತಾನೂ ತಿರುಗಬೇಕು.

ಈ ಸಂಗೀತದ ಬೇರಿನಲ್ಲಿಯೇ ಡೋಲಿದೆ. ದಕ್ಷಿಣ ಕ್ಯಾರೊಲಿನಾದಲ್ಲಿ 1739ರ ಗುಲಾಮರ ದಂಗೆಯ ಮರುವರ್ಷವೇ ಕಾಯಿದೆಯೊಂದನ್ನು ತಂದು ಗುಲಾಮರು ಡೋಲು ಬಾರಿಸುವುದನ್ನು ನಿಷೇಧಿಸಿದರು. ಡೋಲಿನ ಸದ್ದು ಜನರನ್ನು ಒಟ್ಟುಗೂಡಿಸೀತೆಂಬುದು ಒಡೆಯರ ಭಯ. ಬಹುಕಾಲ ಹೀಗೆ ಅಮೆರಿಕದ ಕಪ್ಪು ಜನರ ಕೈಯಿಂದ ತಪ್ಪಿಹೋಗಿದ್ದ ಡೋಲು ಮಿಸಿಸಿಪಿಯ ಈ ಗುಡ್ಡಗಳಲ್ಲಿ ಸೈನ್ಯದ ಕವಾಯತಿನ ಕೊಳಲು-ಡೋಲುಗಳ ವೇಷದಲ್ಲಿ ಬಾಳಿತು. ಅಲನ್ ಲೋಮ್ಯಾಕ್ಸ್ 1942ರಲ್ಲಿ ಇಲ್ಲಿಗೆ ಬಂದು, ಸಿಡ್ ಹೆಂಫಿಲ್ ಎಂಬ ಅಂಧ ವಾದಕನ ಮೇಳವನ್ನು ಮುದ್ರಿಸಿಕೊಂಡ. ಗ್ರೇವಲ್ ಸ್ಪ್ರಿಂಗ್ಸ್ ಎಂಬ ಹಳ್ಳಿಯಲ್ಲಿದ್ದ ರೈತ ಓಥಾ ಟರ್ನರ್ ಬೆತ್ತದ ಜಾತಿಯ ಜೊಂಡನ್ನು ಕಡಿದು, ಕಾಯಿಸಿದ ಕಬ್ಬಿಣದ ಸಲಾಕೆಯಿಂದ ರಂಧ್ರ ಸುಟ್ಟು, ತನ್ನ ಕೊಳಲನ್ನು ತಾನೇ ಮಾಡಿಕೊಳ್ಳುತ್ತಿದ್ದ. ಬೇಸಗೆ ಮುಗಿಯುವ ಹೊತ್ತಿಗೆ ತನ್ನ ಹೊಲದಲ್ಲಿ ಆಡು ಕೊಯ್ಸಿ ಊರಿಗೆಲ್ಲ ಉಣಬಡಿಸಿ, ಡೋಲುಗಳ ನಡುವೆ ನಡೆಯುತ್ತ ಕೊಳಲೂದುವುದು ಅವನ ವಾರ್ಷಿಕ ವ್ರತವಾಗಿತ್ತು. ಅವನು ತೀರಿಕೊಂಡದ್ದು 2003ರ ಫೆಬ್ರವರಿ 27ರಂದು, 90 ದಾಟಿದ ಮೇಲೆ. ಅದೇ ದಿನ ಅವನ ಮಗಳೂ ತೀರಿಕೊಂಡಳು. ಎರಡು ಶವಗಳ ಆ ಮೆರವಣಿಗೆಯ ಮುಂದೆ ಕೊಳಲೂದುತ್ತ ನಡೆದವಳು ಮೊಮ್ಮಗಳು ಶಾರ್ಡೆ ಥಾಮಸ್. ಆಗಿನ್ನೂ 13ರ ಆಸುಪಾಸಿನ ಹುಡುಗಿ. ಆ ಮನೆಯ ಕೊಳಲು ಈಗ ಅವಳ ಕೈಯಲ್ಲಿದೆ. ಇದು ಬೇರೊಂದು ಮನೆಯ ಕತೆಯೆಂದು ತೋರಬಹುದು. ಆದರೆ ಗುಡ್ಡದ ಗಿಟಾರಿನಲ್ಲಿ ಕೇಳುವುದು ಈ ಡೋಲಿನ ನಡೆಯೇ ಎಂಬುದನ್ನು ಮರೆಯಬಾರದೆಂದು ಅದನ್ನು ಹೇಳಿದೆ.

ಇನ್ನು ಬರ್ನ್‌ಸೈಡ್ ಮನೆತನಕ್ಕೆ ಬರೋಣ. ಆರ್. ಎಲ್. ಹುಟ್ಟಿದ್ದು 1926ರಲ್ಲಿ. ಅವನ ನೆರೆಹೊರೆಯಲ್ಲಿ ಫ್ರೆಡ್ ಮೆಕ್‌ಡೊವೆಲ್ ಎಂಬ ಹಾಡುಗಾರನಿದ್ದ. ಹೊಲದಲ್ಲಿ ದುಡಿಯುವವನು; ದನದ ಪಕ್ಕೆಲುಬಿನ ತುಂಡನ್ನು ಬೆರಳಿಗೆ ಸಿಕ್ಕಿಸಿಕೊಂಡು, ಅದನ್ನು ತಂತಿಯ ಮೇಲೆ ಜಾರಿಸಿ ನುಡಿಸಲು ಕಲಿತವನು. 1959ರಲ್ಲಿ ಲೋಮ್ಯಾಕ್ಸ್ ಎರಡನೆಯ ಸಲ ಬಂದಾಗ, ಹತ್ತಿ ಬಿಡಿಸಿ ದಣಿದು ಬಂದಿದ್ದ ಈ ಮನುಷ್ಯ ಗಿಟಾರು ಹಿಡಿದುಕೊಂಡು ಬಂದು ಹಾಡಿದ. ಅಲ್ಲಿಯವರೆಗೆ ಅವನ ಹೆಸರನ್ನು ಹೊರಗಿನವರು ಕೇಳಿರಲಿಲ್ಲ. ಇವನಿಂದಲೇ ಆರ್. ಎಲ್. ಗಿಟಾರು ಕಲಿತದ್ದು. ಕಲಿತ ಎನ್ನುವುದಕ್ಕಿಂತ, ನೋಡಿ ನೋಡಿ ಹಿಡಿದುಕೊಂಡ ಎಂದರೆ ಸರಿಯಾದೀತು.

1940ರ ದಶಕದ ಕೊನೆಯ ಹೊತ್ತಿಗೆ ಆರ್. ಎಲ್. ಕೂಡ ಎಲ್ಲರಂತೆ ಷಿಕಾಗೋಗೆ ಹೋದ. 1916ರಿಂದ 1970ರವರೆಗೆ ದಕ್ಷಿಣದಿಂದ ಉತ್ತರದ ನಗರಗಳಿಗೆ ವಲಸೆ ಹೋದ ಕಪ್ಪು ಜನರ ಸಂಖ್ಯೆ ಸುಮಾರು 60 ಲಕ್ಷವೆಂದು ಇತಿಹಾಸಕಾರರು ಹೇಳುತ್ತಾರೆ, ಅವರಲ್ಲಿ ಇವನೊಬ್ಬ. ನಂಟಸ್ತಿಕೆಯ ದೆಸೆಯಿಂದ ಮಡ್ಡಿ ವಾಟರ್ಸ್‌ನಂಥ ಮಹಾ ಕಲಾವಿದನ ಮನೆಗೆ ಹೋಗಿ ಕೇಳುವ ಭಾಗ್ಯವೂ ಇವನಿಗಿತ್ತು. ಆದರೆ ಆ ನಗರ ಇವನಿಗೆ ಕೊಟ್ಟದ್ದು ಬೇರೆಯೇ. ತಂದೆ, ಇಬ್ಬರು ಸೋದರರು ಸೇರಿದಂತೆ ಮನೆಯ ಹಲವರು ಅಲ್ಲಿ ಕೊಲೆಯಾದರು. ಅರ್ಧ ಶತಮಾನ ಕಳೆದ ಮೇಲೆ, 2000ದಲ್ಲಿ ಹೊರಬಂದ ಮುದ್ರಿಕೆಯೊಂದರಲ್ಲಿ ಆರ್. ಎಲ್. ಹಾಡುವುದನ್ನು ಬಿಟ್ಟು ಬರಿಯ ಮಾತಿನಲ್ಲಿ ಈ ಸಾವುಗಳನ್ನು ಒಂದಾದಮೇಲೊಂದರಂತೆ ಹೇಳುತ್ತಾನೆ. ದನಿಯಲ್ಲಿ ಕಂಪನವಿಲ್ಲ, ಗೋಳಾಟವಿಲ್ಲ. ಅದನ್ನು ಒಮ್ಮೆ ಕೇಳಿದ ನಾನು ಎರಡನೆಯ ಸಲ ಕೇಳಲು ಧೈರ್ಯ ಮಾಡಿಲ್ಲ.

ಅವನು ಊರಿಗೆ ಮರಳಿದ. ಈ ಮರಳುವಿಕೆಯೇ ನನಗೆ ಇಡೀ ಕತೆಯ ಕೀಲಾಗಿ ಕಾಣುತ್ತದೆ. ಲಕ್ಷಾಂತರ ಜನ ಒಂದು ದಿಕ್ಕಿಗೆ ಹರಿಯುತ್ತಿದ್ದಾಗ ಇವನು ಎದುರು ದಿಕ್ಕಿಗೆ ನಡೆದ. ಹಾಗೆಂದು ಇದನ್ನೊಂದು ಸಾಂಸ್ಕೃತಿಕ ನಿಷ್ಠೆಯೆಂದು ಬಣ್ಣಿಸಲು ನಾನು ಒಪ್ಪುವುದಿಲ್ಲ. ಜೀವ ಉಳಿಸಿಕೊಳ್ಳಲು ಬಂದವನು ಅವನು. ಊರಿನಲ್ಲಾದರೂ ಸುಖವಿತ್ತೇ? ಗೇಣಿ ಬೇಸಾಯ, ಟ್ರ್ಯಾಕ್ಟರ್ ಓಡಿಸುವ ಕೂಲಿ, ಹನ್ನೆರಡಕ್ಕೆ ಕಡಿಮೆಯಿಲ್ಲದ ಮಕ್ಕಳು. ಒಬ್ಬನನ್ನು ಕೊಂದ ಅಪರಾಧಕ್ಕಾಗಿ ಪಾರ್ಚ್‌ಮನ್ ಎಂಬ ಕುಖ್ಯಾತ ಸೆರೆಮನೆಯನ್ನೂ ಕಂಡ. ಹೊಲದ ಯಜಮಾನನಿಗೆ ಟ್ರ್ಯಾಕ್ಟರ್ ಓಡಿಸಲು ಆಳು ಬೇಕಾಗಿದ್ದರಿಂದ ಕೆಲವೇ ತಿಂಗಳಲ್ಲಿ ಬಿಡುಗಡೆಯಾಯಿತೆಂದು ಅವನೇ ಹೇಳಿಕೊಂಡಿದ್ದಾನೆ. ಆ ಕಾಲದ ನ್ಯಾಯವೂ ಬೇಸಾಯವೂ ಹೇಗೆ ಒಂದೇ ನೊಗಕ್ಕೆ ಕಟ್ಟಲ್ಪಟ್ಟಿದ್ದವೆಂಬುದಕ್ಕೆ ಬೇರೆ ಸಾಕ್ಷಿ ಬೇಡ. ವಾರವೆಲ್ಲ ದುಡಿತ, ವಾರದ ಕೊನೆಯಲ್ಲಿ ಗಿಟಾರು.

ಮಕ್ಕಳು ಬೆಳೆದಂತೆ ಮನೆಯೇ ಮೇಳವಾಯಿತು. 1970ರ ದಶಕದ ಕೊನೆಯಲ್ಲಿ ಮೆಂಫಿಸ್‌ನ ಪ್ರಾಧ್ಯಾಪಕ ಡೇವಿಡ್ ಇವಾನ್ಸ್ ಮುದ್ರಿಸಿಕೊಂಡ ಹಾಡುಗಳಲ್ಲಿ ಗಂಡುಮಕ್ಕಳು ಗಿಟಾರು ಹಿಡಿದಿದ್ದಾರೆ. ಡ್ರಮ್ ಬಾರಿಸಿದವನು ಅಳಿಯ ಕ್ಯಾಲ್ವಿನ್ ಜ್ಯಾಕ್ಸನ್. 1978ರಲ್ಲಿ ಲೋಮ್ಯಾಕ್ಸ್ ಮೂರನೆಯ ಬಾರಿ, ಈ ಸಲ ಚಿತ್ರೀಕರಣದ ಸಲಕರಣೆಗಳೊಂದಿಗೆ ಬಂದ. ಆ ಚಿತ್ರದಲ್ಲಿ ಆರ್. ಎಲ್. ಹಾಡುತ್ತ ಕುಳಿತಿರುವುದನ್ನು ಇಂದಿಗೂ ನೋಡಬಹುದು. ಗಿಟಾರಿನ ಮೇಲೆ ಅವನ ಹೆಬ್ಬೆರಳು ಮಾಡುವ ಕೆಲಸವನ್ನು ಗಮನಿಸಬೇಕು. ಅದು ಬೆರಳಲ್ಲ, ಡೋಲಿನ ಕೋಲು. ಅದೇ ವರ್ಷದ ಆಗಸ್ಟಿನಲ್ಲಿ ಕ್ಯಾಲ್ವಿನ್ ಜ್ಯಾಕ್ಸನ್‌ಗೆ ಮಗನೊಬ್ಬ ಹುಟ್ಟಿದ. ಅವನೇ ಸೆಡ್ರಿಕ್.

ಹುಡುಗ ಬೆಳೆದದ್ದು ಹಾಲಿ ಸ್ಪ್ರಿಂಗ್ಸ್ ಸುತ್ತಿನ ಹಳ್ಳಿಯಲ್ಲಿ, ತಾತನ ದೊಡ್ಡ ಸಂಸಾರದಲ್ಲಿ. ನಲ್ಲಿಯಿಲ್ಲದ ಮನೆ, ನೀರು ಹೊತ್ತು ತರುವುದು ಮಕ್ಕಳ ಪಾಲಿನ ಕೆಲಸ. ವಾರದ ಕೊನೆಗೆ ಅಂಗಳದಲ್ಲಿ ಜನ ಸೇರುವರು, ಹಾಡು ಮೊದಲಾಗುವುದು. ದೊಡ್ಡವರು ವಿಶ್ರಾಂತಿಗೆಂದು ಡ್ರಮ್ ಬಿಟ್ಟು ಎದ್ದಾಗ ಮಗುವೊಂದು ಅಲ್ಲಿ ಹೋಗಿ ಕುಳಿತುಕೊಳ್ಳುವುದು ಅಂಥ ಮನೆಗಳಲ್ಲಿ ಸಹಜ. ಹತ್ತು ವರ್ಷ ತುಂಬುವ ಹೊತ್ತಿಗಾಗಲೇ ಇವನು ಜೂನಿಯರ್ ಕಿಂಬ್ರೊ ನಡೆಸುತ್ತಿದ್ದ ಕೂಟಗಳಲ್ಲಿ ಬಾರಿಸತೊಡಗಿದ್ದ. 13ರ ವಯಸ್ಸಿಗೆ ತಾತನೊಂದಿಗೆ ಊರೂರು ತಿರುಗತೊಡಗಿದ. ತಂದೆ ಕುಳಿತಿದ್ದ ಪೀಠವೇ ಮಗನಿಗೆ ಬಂದಿತು.

ಕಿಂಬ್ರೊವಿನ ಹೆಸರು ಬಂದುದರಿಂದ ಒಂದು ಮಾತು. ಅವನೂ ಇದೇ ಗುಡ್ಡದವನು, ಆರ್. ಎಲ್.ಗಿಂತ ನಾಲ್ಕು ವರ್ಷ ಕಿರಿಯ. ಚುಲಹೋಮ ಎಂಬಲ್ಲಿ ಹೆದ್ದಾರಿಯ ಬದಿಯ ಹಳೆಯ ಕಟ್ಟಡವೊಂದರಲ್ಲಿ ಅವನ ಹಾಡು-ಕುಣಿತ-ಪಾನಗಳ ತಾಣ ನಡೆಯುತ್ತಿತ್ತು. ಇಂಥ ತಾಣಗಳಿಗೆ ಅಲ್ಲಿನವರು ಜ್ಯೂಕ್ ಜಾಯಿಂಟ್ ಎನ್ನುತ್ತಾರೆ. ಭಾನುವಾರ ಸಂಜೆ ಬರ್ನ್‌ಸೈಡ್ ಮಕ್ಕಳು, ಕಿಂಬ್ರೊ ಮಕ್ಕಳು ಒಟ್ಟಿಗೆ ನುಡಿಸುತ್ತಿದ್ದ ಆ ಕೋಣೆಯೇ ಗುಡ್ಡದ ಬ್ಲೂಸಿನ ಪಾಠಶಾಲೆಯಾಗಿತ್ತೆನ್ನಬೇಕು. 1990ರ ದಶಕದಲ್ಲಿ ರಾಬರ್ಟ್ ಪಾಮರ್ ಎಂಬ ವಿಮರ್ಶಕನ ಚಿತ್ರ ಮತ್ತು ಬರಹಗಳಿಂದ, ಆಕ್ಸ್‌ಫರ್ಡ್ ಪಟ್ಟಣದ ಫ್ಯಾಟ್ ಪಾಸಮ್ ಎಂಬ ಪುಟ್ಟ ಕಂಪೆನಿಯ ಮುದ್ರಿಕೆಗಳಿಂದ ಈ ಇಬ್ಬರು ಮುದುಕರೂ ಲೋಕಕ್ಕೆ ಪರಿಚಿತರಾದರು. ಕಿಂಬ್ರೊ 1998ರಲ್ಲಿ ತೀರಿಕೊಂಡ. ಗಂಡುಮಕ್ಕಳು ನಡೆಸಿಕೊಂಡು ಬರುತ್ತಿದ್ದ ಆ ಕಟ್ಟಡ 2000ದ ಏಪ್ರಿಲ್‌ನಲ್ಲಿ ಸುಟ್ಟು ಬೂದಿಯಾಯಿತು.

ಆರ್. ಎಲ್.ಗೆ ಕೀರ್ತಿ ಬಂದದ್ದು 65 ದಾಟಿದ ಮೇಲೆ. 1996ರಲ್ಲಿ ನ್ಯೂಯಾರ್ಕಿನ ರಾಕ್ ತಂಡವೊಂದು ಅವನೊಡನೆ ಸೇರಿ ಅಬ್ಬರದ ಮುದ್ರಿಕೆಯೊಂದನ್ನು ಹೊರತಂದಿತು. 1998ರಲ್ಲಿ ಅವನ ಹಾಡುಗಳನ್ನು ಯಂತ್ರದ ತಾಳಕ್ಕೆ ಕೂಡಿಸಿ, ಕತ್ತರಿಸಿ ಜೋಡಿಸಿ ಇನ್ನೊಂದನ್ನು ಮಾಡಿದರು. ಅದು ಚೆನ್ನಾಗಿಯೇ ಮಾರಾಟವಾಯಿತು. ಪರಿಶುದ್ಧಿಯ ಪಕ್ಷಪಾತಿಗಳು ಕೆರಳಿದರು. ನನ್ನ ಅಭಿರುಚಿಯೂ ಹಳೆಯ ಕಾಲದ್ದೇ. ಆ ಯಂತ್ರತಾಳ ನನಗೆ ರುಚಿಸಲಿಲ್ಲವೆಂಬುದನ್ನು ಮುಚ್ಚಿಡುವುದಿಲ್ಲ. ಆದರೆ ಅರುವತ್ತು ವರ್ಷ ಬಡತನದಲ್ಲಿ ಹಾಡಿದವನೊಬ್ಬ ತನ್ನ ಹಾಡನ್ನು ತನಗೆ ತೋರಿದಂತೆ ಮಾರಿಕೊಂಡರೆ, ಆ ಬಡತನದಲ್ಲಿ ಪಾಲುಗೊಳ್ಳದ ನಾವು ಶುದ್ಧಿಯ ಪಾಠ ಹೇಳುವುದು ಉಚಿತವಲ್ಲ. ಇಷ್ಟಕ್ಕೂ, ಆ ಮುದ್ರಿಕೆಗಳು ಅಂಗಡಿಯಲ್ಲಿದ್ದ ವರ್ಷಗಳಲ್ಲಿಯೇ ಆರ್. ಎಲ್. ವೇದಿಕೆಯ ಮೇಲೆ ತನ್ನ ಕುರ್ಚಿಯಲ್ಲಿ ಕುಳಿತು ಹಳೆಯ ರೀತಿಯಲ್ಲೇ ಹಾಡುತ್ತಿದ್ದ. ಪಕ್ಕದಲ್ಲಿ ಅವನ ಸಾಕುಮಗನಂತಿದ್ದ ಬಿಳಿಯ ಗಿಟಾರುವಾದಕ ಕೆನ್ನಿ ಬ್ರೌನ್. ಹಿಂದೆ, ಡ್ರಮ್ಮಿನ ಪೀಠದ ಮೇಲೆ, ಮೊಮ್ಮಗ. ಮೂವರೇ. ನಾಲ್ಕನೆಯವನಿಲ್ಲ, ಮಂದ್ರಸ್ವರಕ್ಕೆಂದು ಬೇರೆ ಗಿಟಾರಿಲ್ಲ. ಹೆಬ್ಬೆರಳು ಮತ್ತು ಡ್ರಮ್, ಇವೆರಡರ ನಡುವೆಯೇ ಆ ಮಂದ್ರ ನಿಂತಿರಬೇಕು.

ಹೀಗೆ ಹದಿಹರೆಯ ಕಳೆದು ಯೌವನ ಬರುವವರೆಗೆ ಸೆಡ್ರಿಕ್ ಕಂಡದ್ದು ತಾತನ ಬೆನ್ನನ್ನು. ಯಾವ ಸಾಲು ಎಲ್ಲಿ ತಿರುಗುತ್ತದೆಂಬುದನ್ನು ಅವನು ಬರೆದುಕೊಳ್ಳಲಿಲ್ಲ, ಎಣಿಸಲೂ ಇಲ್ಲ. ಹೆಗಲು ಹೇಳಿತು, ಇವನ ಮಣಿಕಟ್ಟು ಕೇಳಿತು. 2001ರಲ್ಲಿ ಹೃದಯಾಘಾತವಾದ ಮೇಲೆ ಆರ್. ಎಲ್. ಹಾಡುವುದು ಬಹಳ ಕಡಿಮೆಯಾಯಿತು. 2005ರ ಸೆಪ್ಟೆಂಬರ್ 1ರಂದು ಮೆಂಫಿಸ್‌ನಲ್ಲಿ ತೀರಿಕೊಂಡ. ಸೆಡ್ರಿಕ್‌ಗೆ ಆಗ 27 ವರ್ಷ.

ಇಲ್ಲಿಂದ ಮುಂದೆ ಅವನ ಸ್ಥಿತಿಯನ್ನು ಯೋಚಿಸಿ ನೋಡಿ. ಹಾಡುಗಾರನ ಹಿಂದೆ ಹೋಗುವುದರಲ್ಲಿ ಇವನನ್ನು ಮೀರಿಸುವವರು ವಿರಳ. ಬ್ಲೂಸ್ ಲೋಕದ ಡ್ರಮ್ ವಾದಕರ ಪ್ರಶಸ್ತಿ ಹಲವು ವರ್ಷ ಇವನಿಗೇ ಸಂದಿತು. ಆದರೆ ಹಿಂದೆ ಹೋಗಲು ಮುಂದೆ ಯಾರೂ ಇಲ್ಲ. ತಾತ ಹೋದ, ಕಿಂಬ್ರೊ ಹೋದ, ಆ ಕಟ್ಟಡವೂ ಉಳಿಯಲಿಲ್ಲ. ಜತೆಗೆ ಹಾಡುತ್ತಿದ್ದ ಒಡಹುಟ್ಟಿದ ತಮ್ಮ ಕೋಡಿ 2012ರಲ್ಲಿ ಇನ್ನೂ ಚಿಕ್ಕ ವಯಸ್ಸಿನಲ್ಲಿಯೇ ತೀರಿಕೊಂಡ. ಸೋದರಮಾವಂದಿರಾದ ಡ್ವೇನ್, ಗ್ಯಾರಿ ಮೊದಲಾದವರು ಗಿಟಾರುವಾದಕರಾಗಿ ಹೆಸರಾದವರು. ಮನೆಯ ವಿದ್ಯೆ ಅವರ ಕೈಯಲ್ಲಿ ಕ್ಷೇಮವಾಗಿತ್ತೆನ್ನಿ. ಸೆಡ್ರಿಕ್ ತನ್ನ ಪೀಠದಲ್ಲಿಯೇ ಇದ್ದುಬಿಟ್ಟಿದ್ದರೆ ಯಾರೂ ಆಕ್ಷೇಪಿಸುತ್ತಿರಲಿಲ್ಲ. ಅವನು ಹಾಗೆ ಮಾಡದೆ, ಡ್ರಮ್ಮಿನ ಪೀಠದಿಂದ ಎದ್ದು ಬಂದು ಗಿಟಾರನ್ನು ಕೈಗೆತ್ತಿಕೊಂಡ. 30 ದಾಟಿದ ಮೇಲೆ, ಜನ ತನ್ನನ್ನು ಬೇರೊಂದು ವಾದ್ಯದ ನಿಪುಣನೆಂದು ಬಲ್ಲವರಾಗಿದ್ದಾಗ, ಹೊಸದೊಂದರಲ್ಲಿ ಅವರೆದುರಿಗೆ ತಡವರಿಸುವುದು ಸುಲಭದ ಮಾತಲ್ಲ.

ಆ ಗಿಟಾರನ್ನು ಕೇಳಿದಾಗ ನನಗೆ ತೋರಿದ್ದನ್ನು ಹೇಳಿಬಿಡುತ್ತೇನೆ. ತಾತನ ಹಾಡುಗಳಲ್ಲಿ "ಪುವರ್ ಬ್ಲ್ಯಾಕ್ ಮ್ಯಾಟಿ" ಎಂಬುದೊಂದಿದೆ. ಮಿಚೆಲ್‌ನ ಮುದ್ರಣದಲ್ಲಿ ಅದನ್ನು ಕೇಳಬಹುದು, ಮೊಮ್ಮಗನ ಬಾಯಲ್ಲಿಯೂ ಕೇಳಬಹುದು. ಅದೇ ಸುತ್ತುವ ಪದಗುಚ್ಛ, ಅದೇ ಏಕನಾದ. ಆದರೂ ಎರಡೂ ಒಂದೇ ಅಲ್ಲ. ತಾತನಲ್ಲಿ ಹಾಡು ಮುಂದೆ ಹೋಗುತ್ತದೆ, ತಂತಿ ಹಿಂಬಾಲಿಸುತ್ತದೆ. ಮೊಮ್ಮಗನಲ್ಲಿ ತಂತಿಯ ಪೆಟ್ಟು ಮೊದಲು ಬಿದ್ದು, ನಡುವೆ ಒಂದು ಕ್ಷಣದ ತೆರವು ಉಳಿದು, ಆ ತೆರವಿನಲ್ಲಿ ದನಿ ಬಂದು ಕೂರುತ್ತದೆ. ಡ್ರಮ್ ಬಾರಿಸುತ್ತ ತಾತನ ದನಿಗಾಗಿ ಕಾಯ್ದು ಕುಳಿತವನ ಅಭ್ಯಾಸ ಅದು. ದನಿ ಬರಬೇಕಾದ ಜಾಗವನ್ನು ಮೊದಲು ತೆರವು ಮಾಡಿಕೊಡುತ್ತಾನೆ. ಬರಬೇಕಾದ ದನಿ ಈಗ ತನ್ನದೇ ಆದರೂ ಆ ಮರ್ಯಾದೆ ತಪ್ಪಿಲ್ಲ. ಅನುಕರಣೆಯಲ್ಲಿ ಇದು ಬರಲಾರದು. ತಾತ ಮಾಡಿದ್ದನ್ನು ಮಾಡುವವರು ಜಗತ್ತಿನಲ್ಲಿ ಈಗ ಬೇಕಾದಷ್ಟು ಜನ ಇದ್ದಾರೆ. ತಾತನ ಹಿಂದೆ ಅಷ್ಟು ವರ್ಷ ಕುಳಿತವರು ಎಷ್ಟು ಮಂದಿ?

2018ರ ಅವನ ಮುದ್ರಿಕೆಗೆ "ಬೆಂಟನ್ ಕೌಂಟಿ ರೆಲಿಕ್" ಎಂದು ಹೆಸರು. ರೆಲಿಕ್ ಎಂದರೆ ಪಳೆಯುಳಿಕೆ. ನಲ್ವತ್ತು ವರ್ಷದವನು ತನ್ನನ್ನೇ ಪಳೆಯುಳಿಕೆಯೆಂದು ಕರೆದುಕೊಂಡದ್ದರಲ್ಲಿ ತಮಾಷೆಯೂ ಇದೆ, ಸಣ್ಣದೊಂದು ಚುಚ್ಚೂ ಇದೆ. ಅದರ ಹಾಡುಗಳು ಬಹುಪಾಲು ಅವನವೇ, ಹಳೆಯವುಗಳ ಪುನರುಕ್ತಿಯಲ್ಲ. 2021ರಲ್ಲಿ ಅಮೆರಿಕದ ರಾಷ್ಟ್ರೀಯ ಕಲಾನಿಧಿ ಅವನಿಗೆ ರಾಷ್ಟ್ರೀಯ ಪರಂಪರೆಯ ಗೌರವವನ್ನಿತ್ತಿತು; ಕೊಳಲಿನ ಓಥಾ ಟರ್ನರ್‌ಗೆ 1992ರಲ್ಲಿ ಸಂದಿದ್ದ ಗೌರವವೇ ಇದು. ಅದೇ ವರ್ಷ ಹೊರಬಂದ "ಐ ಬಿ ಟ್ರೈಯಿಂಗ್" ಎಂಬ ಮುದ್ರಿಕೆಗೆ 2022ರ ಏಪ್ರಿಲ್‌ನಲ್ಲಿ ಸಾಂಪ್ರದಾಯಿಕ ಬ್ಲೂಸಿನ ಗ್ರ್ಯಾಮಿ ಪ್ರಶಸ್ತಿ ಬಂದಿತು. ತಾತನಿಗೆ ಈ ಪ್ರಶಸ್ತಿ ಬಂದಿರಲಿಲ್ಲ.

ಪ್ರಶಸ್ತಿಗಳ ಮಾತು ಸಾಕು. 2024ರಲ್ಲಿ ಬಂದ "ಹಿಲ್ ಕಂಟ್ರಿ ಲವ್" ಎಂಬ ಮುದ್ರಿಕೆಯನ್ನು ಅವನು ದೊಡ್ಡ ನಗರದ ಧ್ವನಿಶಾಲೆಗೆ ಹೋಗದೆ, ರಿಪ್ಲಿ ಎಂಬ ಗುಡ್ಡದ ಪಟ್ಟಣದ ಹಳೆಯ ಕಟ್ಟಡವೊಂದರಲ್ಲಿ ಸಿದ್ಧಪಡಿಸಿದ. ಅದಕ್ಕೆ ಜತೆಯಾದವನು ಲೂಥರ್ ಡಿಕಿನ್‌ಸನ್. ಓಥಾ ಟರ್ನರ್‌ನ ಕೊಳಲನ್ನು ಅವನ ಮುಪ್ಪಿನಲ್ಲಿ ಮುದ್ರಿಸಿಕೊಂಡವನು. ನಾನು ಮತ್ತೆ ಮತ್ತೆ ಹಾಕಿ ಕೇಳುವುದು ಮಾತ್ರ ಅದಕ್ಕಿಂತ ಹಿಂದಿನ, 2021ರ ಮುದ್ರಿಕೆಯ ಹೆಸರನ್ನು ಹೊತ್ತ ಹಾಡನ್ನು. ತಂದೆ ಹಾಡುತ್ತಾನೆ, ಗಿಟಾರು ತನ್ನ ಪೆಟ್ಟು ಹಾಕಿ ಒಂದು ಕ್ಷಣ ಬಿಡುವು ಕೊಡುತ್ತದೆ. ಅವನ ದನಿಯ ಹಿಂದೆ ಎಳೆಯ ಹೆಣ್ಣುದನಿಯೊಂದು ಸೇರಿಕೊಳ್ಳುತ್ತದೆ. ಅದು ಅವನ ಕಿರಿಯ ಮಗಳದು.